ಅಕ್ಕೋರು ದುರ್ಗಸೇನನನ್ನು ಬಿಟ್ಟರಂತೆ!

ಕಳೆದ ವಾರ ಬೆಳಿಗ್ಗೆ ದೋಸೆ ಹುಯ್ಯುತ್ತಿದ್ದಾಗ ಫೋನು ಬಂತು. ಅಂಕೋಲೆಯ ಚಿಕ್ಕಮ್ಮ. ಅವಳು ಫೋನು ಮಾಡಿದರೆ ಮೊದಲು ಸೆಕೆಯ ಬಗ್ಗೆ, ಆಮೇಲೆ ಮೀನಿನ ರೇಟಿನ ಬಗ್ಗೆ, ಆಮೇಲೆ ಮೊಣಕಾಲಿನ ಬಗ್ಗೆ ಮಾತಾಡಿ ಕೊನೆಗೆ ವಿಷಯಕ್ಕೆ ಬರುವುದು ರೂಢಿ. ಈ ಸಲ ಮೂರನ್ನೂ ಹಾರಿಸಿದಳು.

"ನೀ ಇವತ್ತೇ ಅವರ್ಸಾಕ್ಕೆ ಹೋಗಿ ಬಾ. ಆ ಮನೆಲಿ ಎಂತದೋ ಸಮ ಇಲ್ಲ."

"ಎಂತ ಆಯ್ತು ಚಿಕ್ಕಮ್ಮ?"

"ನಮ್ಮ ಸುಲಭಾ ದುರ್ಗಸೇನನ್ನ ಬಿಟ್ಳಂತೆ! ಊರೆಲ್ಲ ಅದೇ ಮಾತು."

ನನ್ನ ದೋಸೆ ಹೊತ್ತಿತು.

ಗಾಬರಿಯಾಗಬೇಡಿ. ಸುಲಭಾ ಈ ಚಿಕ್ಕಮ್ಮನ ಮಗಳು, ನನಗಿಂತ ಹತ್ತು ವರ್ಷ ಚಿಕ್ಕವಳು. ಹೈಸ್ಕೂಲಿನಲ್ಲಿ ಕನ್ನಡ ಕಲಿಸುವ ಅಕ್ಕೋರು (ನಮ್ಮ ಕಡೆ ಟೀಚರಮ್ಮನಿಗೆ ಹಾಗೇ ಹೇಳುವುದು). ಮನೆ ಅವರ್ಸಾದಲ್ಲಿ, ಗಂಡನ ಹೆಸರು ದಿನಕರ. ಕೈಗಾದಲ್ಲಿ ಕೆಲಸ. ಹಾಗಾದರೆ ದುರ್ಗಸೇನ ಯಾರು? ಸಮುದ್ರದ ತಳದ ಒಂದು ಕೋಟೆಯ ದಂಡನಾಯಕ. ಸುಲಭಾ ಬರೆದ ಕಾದಂಬರಿಯಲ್ಲಿ ಬಿಟ್ಟು ಬೇರೆಲ್ಲೂ ಇಲ್ಲದವನು.

ಕಾದಂಬರಿಯ ಹೆಸರು ಹೇಳುವುದಿಲ್ಲ. ಹೇಳಿದರೆ ತಂಗಿಯ ಪುಸ್ತಕಕ್ಕೆ ಪುಕ್ಕಟೆ ಜಾಹೀರಾತು ಕೊಟ್ಟಳು ಎನ್ನುತ್ತೀರಿ. ಕತೆ ಮಾತ್ರ ಹೇಳುತ್ತೇನೆ. ವಾರಿಣಿ ಎಂಬ ಹುಡುಗಿ. ಸಮುದ್ರದ ಭರತ ಇಳಿತಗಳು ಅವಳ ಮಾತು ಕೇಳುತ್ತವೆ. ಮೊದಲ ಭಾಗದಲ್ಲಿ ಅವಳಿಗೂ ದುರ್ಗಸೇನನಿಗೂ ಪ್ರೀತಿ. ಅವನು ಎತ್ತರದ ಆಳು, ಎಡ ಹುಬ್ಬಿನ ಮೇಲೆ ಗಾಯದ ಗುರುತು, ಮಾತು ಭಾರೀ ಕಮ್ಮಿ. ಓದುಗರು, ಅದರಲ್ಲೂ ಓದುಗಿಯರು, ಅವನ ಮೇಲೆ ಜೀವ ಬಿಟ್ಟರು. ಒಬ್ಬಾಕೆ ಮೊಮ್ಮಗನಿಗೆ ಅದೇ ಹೆಸರಿಡಲು ಹೊರಟು ಸೊಸೆಯ ಹತ್ತಿರ ಬೈಸಿಕೊಂಡಳು.

ಆಮೇಲೆ ಎರಡನೇ ಭಾಗ ಬಂತು. ಅದರ ಶುರುವಿನಲ್ಲೇ ವಾರಿಣಿ ದುರ್ಗಸೇನನನ್ನು ಬಿಟ್ಟು ಹೊರಟುಬಿಡುತ್ತಾಳೆ. ಮುಂದೆ ಅವಳಿಗೆ ಸಿಗುವವನು ಪವನಕೇತು. ಗಾಳಿಲೋಕದ ಕಳ್ಳ, ನಗುತ್ತಾನೆ, ನಗಿಸುತ್ತಾನೆ, ಸಿಳ್ಳೆ ಹಾಕಿ ಬಿರುಗಾಳಿ ಕರೆಯುತ್ತಾನೆ. ಸಾಲದ್ದಕ್ಕೆ ಅಡುಗೆ ಬೇರೆ ಮಾಡುತ್ತಾನೆ.

ಊರು ಎರಡು ಭಾಗವಾಯಿತು.

ಅವತ್ತು ಸಂಜೆ ಕಾರವಾರದಿಂದ ಅಂಕೋಲೆ ಬಸ್ಸು ಹತ್ತಿದೆ. ಪಕ್ಕದ ಸೀಟಿನಲ್ಲಿ ಶೈಲಾ. ಬ್ಯಾಂಕಿನಲ್ಲಿ ಕ್ಯಾಷಿಯರು, ನನ್ನ ಹಳೇ ಪರಿಚಯ. ಬಿಣಗಾ ದಾಟುವ ಮೊದಲೇ ವಿಷಯ ಬಂತು.

"ನಿನ್ನ ತಂಗಿಗೆ ಹೇಳು. ಮೊದಲ್ನೇ ಭಾಗ ಓದಿ ನಾ ಅತ್ತಿದ್ದೆ ಗೋ. ಕಣ್ಣು ಬಾತ್ಕೊಂಡು ಮರುದಿವ್ಸ ಕೌಂಟರ್‌ನಲ್ಲಿ ಎಲ್ರೂ ಕೇಳಿದ್ರು, ಮೇಡಂ ಎಂತಾಯ್ತು ಅಂತ. ಈಗ ಅವನ್ನೇ ಬಿಟ್ಟು ಹೋಗೂದು ಅಂದ್ರೆ?"

"ಅವಳಿಗೆ ಇಷ್ಟ ಇಲ್ಲದಿದ್ದರೆ ಬಿಡಬಾರದಾ?" ಎಂದೆ.

"ಬಿಡ್ಲಿ. ನಂಗೆ ಸಿಟ್ಟು ಬಂದದ್ದು ಬಿಟ್ಟದ್ದಕ್ಕಲ್ಲ. ನನ್ನ ಹತ್ರ ಒಂದು ಮಾತು ಕೇಳ್ದೇ ಬಿಟ್ಳಲ್ಲ, ಅದಕ್ಕೆ."

ಮುಂದಿನ ಸೀಟಿನಲ್ಲಿ ಕಾಲೇಜು ಹುಡುಗಿಯೊಬ್ಬಳು ಕಿವಿಯಿಂದ ಇಯರ್‌ಫೋನ್ ಕಿತ್ತು ತಿರುಗಿದಳು. "ಸಾರಿ ಆಂಟಿ, ನಡುವೆ ಬಾಯಿ ಹಾಕ್ತೆ. ದುರ್ಗಸೇನ ಫುಲ್ ಟಾಕ್ಸಿಕ್. ಅವ ಮಾತೇ ಆಡೂದಿಲ್ಲ. ಪವನಕೇತು ಗ್ರೀನ್ ಫ್ಲ್ಯಾಗ್. ಅಡುಗೆನೂ ಮಾಡ್ತಾನೆ."

"ಅಡುಗೆ ಮಾಡೂವನೇ ಬೇಕು ಅಂದ್ರೆ ಖಾನಾವಳಿ ಮಾಲಕನ್ನ ಮದ್ವೆ ಆಗ್ಲಿ," ಎಂದಳು ಶೈಲಾ.

ಇಬ್ಬರ ಜಗಳ ಚೆಂಡಿಯಾವರೆಗೂ ನಡೆಯಿತು. ಹಿಂದಿನಿಂದ ಇನ್ನಿಬ್ಬರು ಸೇರಿಕೊಂಡರು. ಅವರಲ್ಲಿ ಒಬ್ಬರು ಪುಸ್ತಕ ಓದಿರಲೇ ಇಲ್ಲ, ಆದರೂ ದುರ್ಗಸೇನನ ಪಾರ್ಟಿ. ಯಾಕೆಂದು ಕೇಳಿದರೆ, "ಮೊದ್ಲು ಬಂದವ ಅವ್ನೇ ಅಲ್ದಾ?" ಎಂದರು. ಬಸ್ಸಿನ ಸೀಟಿಗೆ ಟವೆಲ್ ಹಾಕಿಟ್ಟ ಹಾಗೆ.

ನನಗೆ ಮಜಾ ಎನಿಸುವುದು ಇದು. ನಾವು ಎಷ್ಟು ಸಲೀಸಾಗಿ ಬದಲಾಗುತ್ತೇವೆ! ಸಿಮ್ ಬದಲಾಯಿಸುತ್ತೇವೆ, ಡಾಕ್ಟರನ್ನು ಬದಲಾಯಿಸುತ್ತೇವೆ, ಚುನಾವಣೆಗೊಮ್ಮೆ ಸಿದ್ಧಾಂತ ಬದಲಾಯಿಸುತ್ತೇವೆ. ಕಾಯಂ ಮನೆಗೆ ಬರುವ ಮೀನಿನವಳನ್ನು ಬಿಟ್ಟು ಒಂದು ದಿನ ರಸ್ತೆ ಬದಿಯಲ್ಲಿ ಬಂಗಡೆ ಕೊಂಡು, ಚೀಲವನ್ನು ಸೆರಗಿನೊಳಗೆ ಮುಚ್ಚಿಕೊಂಡು ಬರುತ್ತೇವೆ (ನೀವು ತಂದಿಲ್ಲವೇ? ನಾನು ತಂದಿದ್ದೇನೆ). ಆದರೆ ಪುಸ್ತಕದೊಳಗಿನ ಹುಡುಗಿ ಮಾತ್ರ ಮೊದಲ ಭಾಗದಲ್ಲಿ ಒಪ್ಪಿದವನನ್ನೇ ಕೊನೆಯ ಪುಟದವರೆಗೆ ಒಪ್ಪಿಕೊಂಡೇ ಇರಬೇಕು. ನಾವು ಮಾಡಲಾಗದ ನಿಷ್ಠೆಯನ್ನು ಅವಳ ಕೈಯಲ್ಲಿ ಮಾಡಿಸುವುದಕ್ಕೇ ಪುಸ್ತಕ ಕೊಳ್ಳುತ್ತೇವೋ ಏನೋ.

ಇಷ್ಟೇ ಆಗಿದ್ದರೆ ನಗುವ ವಿಷಯ. ಆದರೆ ನಮ್ಮದು ಸಣ್ಣ ಊರು. ಇಲ್ಲಿ ಕತೆ ಓದಿದವರು ಅಲ್ಲಿಗೇ ಬಿಡುವುದಿಲ್ಲ. 'ಇದು ಯಾರು?' ಎಂದು ಹುಡುಕುತ್ತಾರೆ.

ದಿನಕರನಿಗೆ ಎಡ ಹುಬ್ಬಿನ ಮೇಲೆ ಗಾಯದ ಗುರುತಿದೆ. ಚಿಕ್ಕವನಿದ್ದಾಗ ಗೇರು ಮರದಿಂದ ಬಿದ್ದದ್ದು. ಅವನು ಎತ್ತರ. ಅವನಿಗೆ ಮಾತು ಕಮ್ಮಿ. ಮೊದಲ ಭಾಗ ಬಂದಾಗ ಊರಿಗೆ ಊರೇ ಅವನನ್ನು ಹೆಮ್ಮೆಯಿಂದ ನೋಡಿತ್ತು. ಎರಡನೇ ಭಾಗ ಬಂದದ್ದೇ, ಪಾಪ ಅನ್ನತೊಡಗಿತು. ಅವನು ಕಾರವಾರಕ್ಕೆ ಬಂದು ಕಂಪನಿ ಬಸ್ಸು ಹಿಡಿಯುತ್ತಾನೆ. ಆ ಬಸ್ಸಿನಲ್ಲಿ ಯಾರ ಸೀಟು ಯಾವುದೆಂದು ಹೇಳದೆಯೇ ನಿಕ್ಕಿಯಾಗಿರುತ್ತದೆ. ಕಿಟಕಿ ಪಕ್ಕ ಕೂರುತ್ತಿದ್ದ ಹಿರಿಯರೊಬ್ಬರು ಒಂದು ದಿನ ಎದ್ದು, "ಕೂತ್ಕೋ ದಿನಕರ, ಗಾಳಿ ಬರ್ತದೆ," ಎಂದು ಅವನ ಬೆನ್ನು ತಟ್ಟಿದರಂತೆ. ಯಾಕೆಂದು ಅವನಿಗೆ ಗೊತ್ತಾಗಲಿಲ್ಲ. ಕೂತುಕೊಂಡ.

ಇನ್ನು ಪವನಕೇತು ಯಾರು? ಸಿಳ್ಳೆ ಹಾಕುವವರು ಯಾರಿದ್ದಾರೆ? ಊರು ತಲೆ ಕೆಡಿಸಿಕೊಂಡು ಕೊನೆಗೆ ಪತ್ತೆ ಹಚ್ಚಿತು. ಸುಲಭಾಳ ಶಾಲೆಯ ಪೀಟಿ ಮಾಸ್ತರು! ದಿನಕ್ಕೆ ಹತ್ತು ಸಲ ಸೀಟಿ ಊದುವವರು ಅವರೇ ತಾನೇ? ಪಾಪದ ಮನುಷ್ಯ. ರಿಟೈರಾಗಲು ಬಂದಿದೆ, ತಲೆಯಲ್ಲಿ ಕೂದಲಿಲ್ಲ, ಮೈಯಲ್ಲಿ ಶುಗರ್ ಇದೆ. ಸುದ್ದಿ ಕಿವಿಗೆ ಬಿದ್ದ ಮೇಲೆ ಅವರು ಸೀಟಿಯನ್ನು ಡ್ರಾಯರಿನಲ್ಲಿಟ್ಟು ಬೀಗ ಹಾಕಿದ್ದಾರೆ. ಈಗ ಚಪ್ಪಾಳೆ ತಟ್ಟಿ ಕವಾಯತು ಮಾಡಿಸುತ್ತಾರೆ.

ಅವರ್ಸಾದಲ್ಲಿ ಇಳಿದು ಸುಲಭಾಳ ಮನೆಗೆ ಹೋದಾಗ ಅವಳು ಜಗಲಿಯಲ್ಲಿ ಸುಮ್ಮನೆ ಕೂತಿದ್ದಳು. ನನ್ನನ್ನು ನೋಡಿದ್ದೇ, "ಆಯಿ ಕಳಸಿದ್ದಾ?" ಎಂದಳು. ಹೌದು, ಚಿಕ್ಕಮ್ಮನೇ ಎಂದೆ. ಸುಳ್ಳು ಹೇಳಿ ಏನು ಪ್ರಯೋಜನ?

"ನೀ ನಗ್ತೆ. ಎಲ್ರೂ ನಗ್ತ್ರು. ಮೊನ್ನೆ ಅರಿಸಿನ ಕುಂಕುಮಕ್ಕೆ ಹೋಗಿದ್ದೆ. ಕುಂಕುಮ ಹಚ್ಚಿ ಒಬ್ರು ನನ್ನ ಕೈ ಹಿಡ್ಕೊಂಡು, ಎಲ್ಲ ಸರಿ ಆಗ್ತದೆ, ದುಡುಕಬೇಡ ಅಂದ್ರು. ಪೀಟಿ ಮಾಸ್ತರ ಹೆಂಡ್ತಿ ರಸ್ತೆಲಿ ನನ್ನ ನೋಡಿ ಆಚೆ ಬದಿ ದಾಟಿ ಹೋದ್ರು. ಅವ್ರ ಮನೆಲಿ ಆ ಪುಸ್ತಕದಿಂದ ಎಂತ ರಾಮಾಯಣ ಆಗ್ತದೆಯೋ ಏನೋ."

"ಎಂತ ಮಾಡ್ತೆ ಈಗ?"

"ಮೂರನೇ ಭಾಗದಲ್ಲಿ ದುರ್ಗಸೇನನ್ನ ವಾಪಸ್ ತಂದುಬಿಡ್ತೆ. ವಾರಿಣಿ ತಪ್ಪಾಯ್ತು ಅಂತ ಅವನ ಕಾಲ್ಬುಡಕ್ಕೆ ಬರ್ತಾಳೆ. ಎಲ್ಲರ ಬಾಯಿ ಬಂದ್."

"ನಿಂಗೆ ಅದು ಸರಿ ಕಾಣ್ತದಾ?"

ಅವಳು ತಲೆ ಅಲ್ಲಾಡಿಸಿದಳು. "ಇಲ್ಲ ಅಕ್ಕಾ. ಹಂಗೆ ಬರದ್ರೆ ನಾ ಮತ್ತೆ ಬರಿಯೂದಿಲ್ಲ. ಅದೇ ಕೊನೆ."

ಆಗ ನನಗೆ ನಗು ಬರಲಿಲ್ಲ. ದಿನಾ ಶಾಲೆ, ಅಡುಗೆ, ಪೇಪರು ತಿದ್ದುವುದು ಎಲ್ಲ ಮುಗಿಸಿ ಉಳಿದ ಚೂರು ಹೊತ್ತಿನಲ್ಲಿ ಅವಳು ಕಟ್ಟಿಕೊಂಡ ಕೋಟೆ ಅದು. ಆ ಕೋಟೆಯ ಕೀಲಿಕೈಯನ್ನು ಬಸ್ಸಿನವರಿಗೂ ಕುಂಕುಮದವರಿಗೂ ಒಪ್ಪಿಸಲು ತಯಾರಾಗಿದ್ದಳು. ನನಗೆ ಬೇಜಾರಾಯಿತು.

"ದಿನಕರ ಎಂತ ಹೇಳ್ತ?"

"ಎಂತದೂ ಇಲ್ಲ. ಪುಸ್ತಕ ಬಂದಾಗಿಂದ ಒಂದು ಮಾತಿಲ್ಲ. ಈಗ ನಾಲ್ಕು ದಿವ್ಸದಿಂದ ಹಿತ್ಲಲ್ಲಿ ಕೂತು ಓದ್ತ್ರು. ನಾನು ಬರದ್ದು ಅವ್ರು ಓದೂದು ಇದೇ ಮೊದ್ಲು. ಎಷ್ಟು ಸಿಟ್ಟು ಬಂದದೋ, ಕೇಳೂಕೂ ಹೆದ್ರಿಕೆ."

ಹೇಳುತ್ತಿದ್ದ ಹಾಗೇ ದಿನಕರ ಹಿತ್ತಲ ಬಾಗಿಲಿಂದ ಒಳಗೆ ಬಂದ. ಕೈಯಲ್ಲಿ ಎರಡನೇ ಭಾಗ, ಅದರೊಳಗೊಂದು ಬೆರಳು. ನನಗೆ, "ಅಕ್ಕಾ, ಯಾವಾಗ ಬಂದ್ರಿ?" ಎಂದ. ಉತ್ತರಕ್ಕೆ ಕಾಯದೆ ಹೆಂಡತಿಯ ಮುಂದೆ ಪುಸ್ತಕ ಬಿಡಿಸಿ ಹಿಡಿದ.

"ಇಲ್ಲಿ," ಎಂದ.

ನಾನೂ ಬಗ್ಗಿ ನೋಡಿದೆ. ವಾರಿಣಿ ದುರ್ಗಸೇನನನ್ನು ಬಿಡುವ ಪುಟ. ಕೋಟೆಯ ಹೊರಗೆ ನೀರು ಕೆರಳುತ್ತಿದೆ. ಅವಳು ಓಡಿ ಬಂದು ಅವನಿಗೆ ಹೇಳುತ್ತಾಳೆ: ನೀರು ನನ್ನ ಮಾತು ಕೇಳುತ್ತಿಲ್ಲ, ನನಗೆ ಹೆದರಿಕೆಯಾಗುತ್ತಿದೆ. ಒಂದು ಪುಟದ ತುಂಬ ಹೇಳುತ್ತಾಳೆ. ದುರ್ಗಸೇನ ಕತ್ತಿ ಮಸೆಯುತ್ತಿದ್ದಾನೆ. ತಲೆ ಎತ್ತದೆ, 'ಹೂಂ' ಅನ್ನುತ್ತಾನೆ. ಅವಳು ಸ್ವಲ್ಪ ಹೊತ್ತು ಕಾಯುತ್ತಾಳೆ. ಆಮೇಲೆ ಹೊರಡುತ್ತಾಳೆ. ಜಗಳವಿಲ್ಲ, ಅಳುವಿಲ್ಲ. ಪವನಕೇತು ಆಗ ಕತೆಯಲ್ಲಿ ಹುಟ್ಟಿಯೇ ಇಲ್ಲ. ಅವನು ಬರುವುದು ಎಷ್ಟೋ ಪುಟಗಳ ನಂತರ.

ಈ ಪುಟವನ್ನು ಶೈಲಾ ಓದಿದ್ದಳು, ಬಸ್ಸಿನ ಹುಡುಗಿ ಓದಿದ್ದಳು, ನಾನೂ ಓದಿದ್ದೆ. ವಾರಿಣಿ ಯಾರ ಹತ್ತಿರ ಹೋದಳೆಂದು ಎಲ್ಲರಿಗೂ ನೆನಪಿತ್ತು. ಯಾವ ಮಾತಿಗೆ ಹೊರಟಳೆಂದು ಬಸ್ಸಿನಲ್ಲಿ ಒಬ್ಬರೂ ಎತ್ತಿರಲಿಲ್ಲ.

"ನಾ ಕತ್ತಿ ಮಸೀತಿರ್ಲಿಲ್ಲ," ಎಂದ ದಿನಕರ. "ಮೊಬೈಲ್ ನೋಡ್ತಿದ್ದೆ."

ಸುಲಭಾ ಅವನ ಮುಖ ನೋಡಿದಳು.

"ನಿಂಗೆ ಟ್ರಾನ್ಸ್‌ಫರ್ ಆಗೂದು ಅಂತ ಸುದ್ದಿ ಬಂದಿತ್ತಲ್ಲ, ಆ ದಿವ್ಸ ಅಲ್ದಾ ಇದು? ಘಟ್ಟದ ಮೇಲೆ ಎಲ್ಲೋ ಹಾಕ್ತ್ರು, ನಾ ಒಬ್ಳೇ ಹೆಂಗಿರೂದು ಅಂತ ನೀ ಬಂದು ಹೇಳ್ದೆ. ನಾ ಹೂಂ ಅಂದೆ."

"ಮೂರು ಸಲ ಅಂದ್ರಿ," ಎಂದಳು ಸುಲಭಾ. "ಪುಸ್ತಕದಲ್ಲಿ ಎರಡು ತೆಗದೆ."

ಟ್ರಾನ್ಸ್‌ಫರ್ ಆಗಲಿಲ್ಲ, ಸುದ್ದಿ ಹಾಗೇ ತಣ್ಣಗಾಯಿತು. ಅದಾದ ಮೇಲೆ ಅವರಿಬ್ಬರೂ ಆ ಮಾತು ಎತ್ತಿರಲಿಲ್ಲವಂತೆ. ಎತ್ತಬೇಕಾದ್ದು ಏನಿತ್ತು? ಗಂಡ ಕುಡಿಯುವವನಲ್ಲ, ಹೊಡೆಯುವವನಲ್ಲ, ಸಂಬಳ ಮನೆಗೆ ತರುತ್ತಾನೆ. 'ಹೂಂ' ಅಂದ ಎಂದು ಯಾರ ಹತ್ತಿರ ದೂರು ಹೇಳುವುದು? ಹೇಳಿದರೂ ಚಿಕ್ಕಮ್ಮ ಏನನ್ನುತ್ತಿದ್ದಳೆಂದು ನನಗೆ ಗೊತ್ತು. 'ಅಷ್ಟಾದ್ರೂ ಅಂದ್ನಲ್ಲ!'

ದಿನಕರ ಪುಸ್ತಕ ಮುಚ್ಚಿ ಹೆಂಡತಿಯ ಎದುರು ಕೂತ.

"ಅವನ್ನ ವಾಪಸ್ ತರಬೇಡ," ಎಂದ.

"ಜನ ಏನೇನೋ ಹೇಳ್ತ್ರು."

"ಹೇಳ್ಲಿ. ನಂಗೆ ಬಸ್ಸಲ್ಲಿ ಕಿಟಕಿ ಸೀಟಾದ್ರೂ ಉಳೀತದೆ. ಪೀಟಿ ಮಾಸ್ತರ ಮನೆಗೆ ನಾಳೆ ನಾವಿಬ್ರೂ ಹೋಗಿ ಬರೂಣ. ನಾ ಬಂದ್ರೆ ಅವ್ರ ಹೆಂಡ್ತಿಗೂ ಸಮಾಧಾನ ಆಗ್ತದೆ."

ಅವನನ್ನು ನೋಡಿದಾಗಿನಿಂದ ನಾನು ಅವನ ಬಾಯಲ್ಲಿ ಒಂದೇ ಸಲಕ್ಕೆ ಇಷ್ಟು ಮಾತು ಕೇಳಿರಲಿಲ್ಲ. ಊರವರ ಲೆಕ್ಕದಲ್ಲಿ ಈ ಮನುಷ್ಯ ಅವಮಾನದಿಂದ ಕುಗ್ಗಿರಬೇಕಿತ್ತು. ಅವನು ಕುಗ್ಗಿದ್ದನೇನೋ ಹೌದು. ಆದರೆ ಪವನಕೇತುವಿನಿಂದಲ್ಲ.

ಮೂರನೆಯವಳು ಅಲ್ಲಿ ಇರಬಾರದು ಎನಿಸಿ ನಾನು ಚೀಲ ಹೆಗಲಿಗೆ ಹಾಕಿದೆ. ಚಪ್ಪಲಿ ಮೆಟ್ಟುತ್ತಿದ್ದಾಗ ದಿನಕರನ ದನಿ ಕೇಳಿತು.

"ಆ ದಿವ್ಸ ನೀ ಪೂರ್ತಿ ಎಂತ ಹೇಳೂಕೆ ಬಂದಿದ್ದೆ? ಈಗ ಹೇಳು."

"ಈಗೆಂತಕ್ಕೆ? ಅದೆಲ್ಲ ಮುಗದೋಯ್ತು."

"ಮುಗೀಲಿ. ಹೇಳು."

ಸುಲಭಾ ಶುರು ಮಾಡಿದಳು. ಒಂದು ವಾಕ್ಯ ಹೇಳಿ ನಿಲ್ಲಿಸಿದಳು, ಪರೀಕ್ಷೆ ಮಾಡುವವಳ ಹಾಗೆ. ದಿನಕರನ ತುಟಿ ಅಭ್ಯಾಸಬಲದಿಂದ 'ಹೂಂ'ಗೆ ತಯಾರಾದದ್ದು ಬಾಗಿಲಲ್ಲಿದ್ದ ನನಗೆ ಕಂಡಿತು. ಅದನ್ನು ಅವನು ಕಷ್ಟಪಟ್ಟು ನುಂಗಿಕೊಂಡ.

"ಆಮೇಲೆ?" ಎಂದ.

ಅಲ್ಲಾ, ಎರಡು ಭಾಗದ ಕಾದಂಬರಿ ಬರೆಯಲು ಬಾರದ ಹೆಂಗಸರ ಮನೆಗಳಲ್ಲಿ ಈ 'ಆಮೇಲೆ?' ಯಾವಾಗ ಬರುತ್ತದೆ?