ತಕ್ಕಡಿ ಅಕ್ಕ ಕೊಟ್ಟ ಖಾಲಿ ಪಟ್ಟಿ

ಸುಗಂಧದ ಆ ಕಾರ್ಖಾನೆಯಲ್ಲಿ ಎಲ್ಲರೂ ಅವಳನ್ನು ಕರೆಯುತ್ತಿದ್ದುದು ತಕ್ಕಡಿ ಅಕ್ಕ ಎಂದೇ. ಸೂತ್ರದ ಹಾಳೆಯನ್ನು ಎದುರಿಗಿಟ್ಟುಕೊಂಡು ಒಂದೊಂದೇ ಎಣ್ಣೆಯನ್ನು ಹನಿಹನಿಯಾಗಿ ಸುರಿದು ತೂಗುವುದು ಅವಳ ಇಪ್ಪತ್ತೆರಡು ವರ್ಷಗಳ ಕೆಲಸ. ಹತ್ತೊಂಬತ್ತರ ಹುಡುಗಿಯನ್ನು ಅಲ್ಲಿಗೆ ಕರೆತಂದು ಕೆಲಸ ಕಲಿಸಿದವರು ಅವಳ ಸೋದರಮಾವ. ಸೂತ್ರ ಬರೆಯುವವರು ಅವರು. ಅಲ್ಲಿಂದ ಹೊರಹೋಗುವ ಪ್ರತಿಯೊಂದು ಪರಿಮಳಕ್ಕೂ ಕೊನೆಯ ಮಾತು ಅವರ ಮೂಗಿನದು.

ಲ್ಯಾಕ್ಟೋನುಗಳೆಂದರೆ ಮಾವನಿಗೆ ಪ್ರಾಣ. ಪೀಚ್ ಹಣ್ಣು, ತೆಂಗಿನ ಹಾಲು, ಆಗತಾನೇ ತೆಗೆದ ಕೆನೆ, ಇವುಗಳ ಕಂಪೆಲ್ಲ ಆ ಒಂದು ಮನೆತನದ ಎಣ್ಣೆಗಳಲ್ಲಿರುತ್ತದೆ.

"ಇದು ಬೀಳದಿದ್ರೆ ಹಣ್ಣಿನ ಪರಿಮಳ ಬರೀ ಸಕ್ಕರೆ ನೀರು. ಬಿತ್ತೋ, ಹಣ್ಣಿಗೆ ತಿರುಳು ಬರುತ್ತೆ, ಮೈಗೆ ಅಂಟ್ಕೊಳ್ಳುತ್ತೆ. ಕೈ ಜಾರಿ ಜಾಸ್ತಿ ಆಯ್ತೋ, ಹಳೇ ಬೆಣ್ಣೆ ಡಬ್ಬಿ ಮುಚ್ಚಳ ತೆಗೆದ ಹಾಗೆ!" ಎನ್ನುತ್ತಿದ್ದರು. ಪೀಚ್ ಲ್ಯಾಕ್ಟೋನನ್ನು ವ್ಯಾಪಾರದವರು 'ಆಲ್ಡಿಹೈಡ್ ಹದಿನಾಲ್ಕು' ಎನ್ನುತ್ತಾರೆ. "ಅದು ಆಲ್ಡಿಹೈಡೂ ಅಲ್ಲ, ಅದರಲ್ಲಿ ಹದಿನಾಲ್ಕು ಕಾರ್ಬನ್ನೂ ಇಲ್ಲ. ಹೆಸರಿಟ್ಟವನಿಗೆ ಆವತ್ತು ನಿದ್ದೆ ಸಾಲದಾಗಿತ್ತೇನೋ" ಎಂದು ಹೊಸಬರು ಬಂದಾಗಲೆಲ್ಲ ನಗಿಸುವರು.

ಒಂದು ಮಂಗಳವಾರ ಬೆಳಿಗ್ಗೆ ಅವಳು ಮೇಲಿನ ಗೂಡಿನಿಂದ ಅದೇ ಪೀಚಿನ ಬಾಟಲಿಯನ್ನು ಇಳಿಸುತ್ತಿದ್ದಳು. ಮುಚ್ಚಳ ಸಡಿಲವಾಗಿತ್ತು. ಅರ್ಧ ಬಾಟಲಿ ಹೆಗಲಿನಿಂದ ಮೊಣಕೈವರೆಗೆ ಸುರಿದುಹೋಯಿತು. ಮೂರು ಸಲ ಸೋಪು ಹಾಕಿ ತೊಳೆದಳು, ಮೇಲಂಗಿ ಬದಲಿಸಿದಳು. ವಾಸನೆ ಮಾತ್ರ ಜಪ್ಪಯ್ಯ ಎಂದರೂ ಹೋಗಲಿಲ್ಲ. ಪ್ಯಾಕಿಂಗಿನ ಹೆಂಗಸರು ಮೂಗು ಮುಚ್ಚಿಕೊಂಡು ಕಿಟಕಿಗಳನ್ನು ತೆಗೆದರು.

"ಅಕ್ಕಾ, ತೋಟಕ್ಕೆ ತೋಟಾನೇ ಹೊತ್ಕೊಂಡು ಬಂದ್ಯಾ? ತಲೆ ಸುತ್ತುತ್ತಿದೆ, ಆಚೆ ಹೋಗೇ ತಾಯಿ!"

ಅವಳೂ ನಕ್ಕು, ಅಂದಿನ ನಮೂನೆ ಹಿಡಿದು ಮಾವನ ಕೋಣೆಗೆ ಹೋದಳು. ಬಾಟಲಿ ಚೆಲ್ಲಿದ ಸುದ್ದಿ ಅವರನ್ನು ಮುಟ್ಟಿರಲಿಲ್ಲ. ಕಾಗದದ ಪಟ್ಟಿಯನ್ನು ನಮೂನೆಯಲ್ಲಿ ಅದ್ದಿ, ಎಂದಿನಂತೆ ಅವಳ ಕೈಗೇ ಕೊಟ್ಟರು. "ಮೊದಲು ನೀನು ನೋಡು."

ಅವಳ ಮೂಗಿನ ತುಂಬ ತನ್ನದೇ ಮೈಯ ಪೀಚು. ಪಟ್ಟಿಯಲ್ಲಿ ಏನೂ ಸಿಗದೆ ಹುಬ್ಬು ಗಂಟಿಕ್ಕಿದಳು. ಮಾವ ಪಟ್ಟಿ ಇಸಿದುಕೊಂಡು, ಅವಳ ಹೆಗಲಿಗೆ ಹೆಗಲು ತಾಗುವಷ್ಟು ಹತ್ತಿರ ನಿಂತು, ಕಣ್ಣು ಮುಚ್ಚಿ ಮೂಸಿದರು.

"ಪೀಚ್ ಕಮ್ಮಿ ಆಯ್ತು, ಅಲ್ವಾ?"

ಅವಳು ತಮಾಷೆಯೇನೋ ಎಂದು ಮುಖ ನೋಡಿದಳು. ತಮಾಷೆಯಲ್ಲ. ಆ ಕೋಣೆಯಲ್ಲಿ ಪೀಚಿಲ್ಲದ ಒಂದು ಗೇಣು ಜಾಗವಿರಲಿಲ್ಲ. "ಹ್ಞೂಂ ಮಾವ" ಎಂದಷ್ಟೇ ಹೇಳಿ ಹೊರಬಂದವಳು ಮೆಟ್ಟಿಲ ಮೇಲೆ ಕುಸಿದು ಕುಳಿತಳು.

ಮರುದಿನ ಅವಳು ಮಾಡಿದ್ದನ್ನು ನೆನೆದರೆ ಈಗಲೂ ಅವಳಿಗೆ ನಾಚಿಕೆಯಾಗುತ್ತದೆ. ಯಾವುದರಲ್ಲೂ ಅದ್ದದ ಒಣ ಪಟ್ಟಿಯೊಂದನ್ನು ತಾನೇ ಒಯ್ದು, ಮೂಸಿದಂತೆ ಮಾಡಿ, ಅನುಮಾನ ಬಾರದಿರಲೆಂದು ಮುಗುಳ್ನಕ್ಕು ಅವರಿಗೆ ಕೊಟ್ಟಳು. ಮಾವ ದೀರ್ಘವಾಗಿ ಉಸಿರೆಳೆದುಕೊಂಡರು.

"ಆಹಾ! ಇವತ್ತು ಕೂತಿದೆ ನೋಡು. ಮೊದಲು ಹಣ್ಣು, ಹಿಂದೆಯೇ ಕೆನೆ. ಎರಡರ ನಡುವೆ ಬಿರುಕೇ ಇಲ್ಲ."

"ಮಾವ, ಅದು ಬರೀ ಕಾಗದ."

ಅವರ ಮುಖದ ರಕ್ತ ಇಳಿದುಹೋಯಿತು. ಬಯ್ಯುತ್ತಾರೆಂದುಕೊಂಡಿದ್ದಳು. ಅವರು ಪಟ್ಟಿಯನ್ನು ಮೇಜಿನ ಮೇಲಿಟ್ಟು, ಅದರ ಅಂಚನ್ನು ಬೆರಳಿನಿಂದ ನೇರ ಮಾಡುತ್ತ ಕುಳಿತರು.

"ಒಂದೂವರೆ ವರ್ಷ ಆಯ್ತು" ಎಂದರು ಕೊನೆಗೆ. "ಆ ಜ್ವರ ಬಂದಿತ್ತಲ್ಲ, ಅದರ ಜೊತೆಗೇ ಮೂಗಿನ ಶಕ್ತಿ ಹೋಯ್ತು. ನಿಮ್ಮ ಅತ್ತೆಗೂ ಹೇಳಿಲ್ಲ."

"ಮತ್ತೆ ಇಷ್ಟು ದಿನ ಹೇಗೆ...? ಒಂದು ಮಾಲೂ ವಾಪಸ್ ಬಂದಿಲ್ಲವಲ್ಲ ಮಾವ!"

"ನಿನ್ನ ಮುಖ ನೋಡ್ತಿದ್ದೆ ಕಣೇ. ಕೆನೆ ಜಾಸ್ತಿಯಾದ್ರೆ ನಿನ್ನ ಮೇಲ್ತುಟಿ ಸೊಟ್ಟಗಾಗುತ್ತೆ. ಹಣ್ಣು ಸಾಲದಿದ್ರೆ ಹುಬ್ಬು ಗಂಟಾಗುತ್ತೆ. ಸರಿ ಇದ್ರೆ ಕಣ್ಣು ಅರಳುತ್ತೆ. ಉಳಿದದ್ದು ಹಾಳೆ ನೋಡಿ ನೆನಪಿನಿಂದ ಹೇಳ್ತಿದ್ದೆ."

ಅವಳಿಗೆ ಬರಸಿಡಿಲು ಬಡಿದಂತಾಯಿತು. ಮಾವ ಸುಳ್ಳಾಡಿದ್ದಕ್ಕಿಂತ ಹೆಚ್ಚಾಗಿ, ಒಂದೂವರೆ ವರ್ಷ ಊರೂರಿಗೆ ಹೋದ ಅಷ್ಟೂ ಸೀಸೆಗಳನ್ನು ಒಪ್ಪಿದ್ದು ತನ್ನ ಮೂಗು ಎಂಬುದು ಅವಳನ್ನು ತತ್ತರಿಸುವಂತೆ ಮಾಡಿತು. ತಲೆನೋವಿದ್ದ ದಿನ, ಮಗಳೊಡನೆ ಜಗಳವಾಡಿ ಬಂದ ದಿನ ತನ್ನ ಮುಖ ಹೇಗಿತ್ತೋ! ಸಿಟ್ಟು ಬಂತು. ಅದರ ಬೆನ್ನಿಗೇ ಅಳುವೂ ಬಂತು.

"ಕಾರ್ಖಾನೆ ಯಜಮಾನಿಗೆ ನೀವೇ ಹೇಳಬೇಕು ಮಾವ. ನಾನು ಹೇಳಲ್ಲ. ಆದ್ರೆ ಇನ್ನು ಮುಖಾನೂ ಕೊಡಲ್ಲ."

ಅವರು ಮೂರು ದಿನ ಅವಳೊಡನೆ ಮಾತುಬಿಟ್ಟರು. ನಾಲ್ಕನೆಯ ದಿನ ಕೋಟಿನ ಗುಂಡಿಗಳನ್ನೆಲ್ಲ ಹಾಕಿಕೊಂಡು ಯಜಮಾನಿಯ ಕೋಣೆಗೆ ಹೋದರು. ಆಮೇಲೆ ಯಜಮಾನಿ ತಕ್ಕಡಿ ಅಕ್ಕನನ್ನು ಕರೆಸಿ, ಬೆನ್ನು ತಿರುಗಿಸಿ ನಿಲ್ಲಿಸಿ, ಹನ್ನೆರಡು ಪಟ್ಟಿಗಳನ್ನು ಒಂದೊಂದಾಗಿ ಕೊಟ್ಟರು. ಹನ್ನೊಂದು ಸರಿ ಹೇಳಿದಳು.

ಮಾವ ತಿಂಗಳೊಳಗೆ ನಿವೃತ್ತರಾದರು. ವೈದ್ಯರು ಕೈಚೆಲ್ಲಿದರು; ವಾಸನೆ ಮರಳಲಿಲ್ಲ. ಅತ್ತೆ ಮಾತ್ರ, "ಅದಕ್ಕೇ ಅಂತೀನಿ, ಹಾಲು ಸೀದು ಕರಿ ಆದ್ರೂ ಅಲ್ಲೇ ಕೂತಿರ್ತಿದ್ರಲ್ಲ!" ಎಂದು ಹಣೆ ಚಚ್ಚಿಕೊಂಡರು.

ಈಗ ಕೊನೆಯ ಮಾತು ತಕ್ಕಡಿ ಅಕ್ಕನದು. ಭಾನುವಾರಗಳಲ್ಲಿ ಸೂತ್ರದ ಹಾಳೆ ಹಿಡಿದು ಮಾವನ ಮನೆಗೆ ಹೋಗುತ್ತಾಳೆ. ಅವರು ಕನ್ನಡಕ ಏರಿಸಿ ಓದಿ, "ಕೆನೆಯದನ್ನ ಅರ್ಧ ಮಾಡು, ಇಲ್ದಿದ್ರೆ ಹಣ್ಣನ್ನ ನುಂಗಿಬಿಡುತ್ತೆ" ಎನ್ನುತ್ತಾರೆ. ಅವಳು ಮರುದಿನ ತೂಗಿ ನೋಡುತ್ತಾಳೆ. ಹೆಚ್ಚಿನ ಸಲ ಅವರು ಹೇಳಿದ್ದೇ ಸರಿಯಿರುತ್ತದೆ.