ಬೀಗರು ಹಾಕಿದ ಕೀಲಿ

ನಮ್ಮ ನಾರಾಯಣಪೇಟೆ ಕಡೆ ಬಾಗಿಲಿಗೆ ಹಾಕುವುದು ಕೀಲಿ. ಬೀಗ ಎಂದರೆ ಮನುಷ್ಯ, ಮಗಳನ್ನು ಕೊಟ್ಟ ಮನೆಯ ಯಜಮಾನ. ಪುಸ್ತಕದ ಕನ್ನಡದಲ್ಲಿ ಬಾಗಿಲಿನದೂ ಬೀಗವೇ, ಉಬ್ಬಿ ಮೆರೆಯುವುದೂ ಬೀಗುವುದೇ ಎಂಬುದು ಏಳನೆಯ ತರಗತಿಗೆ ಶಾಲೆ ಬಿಟ್ಟ ನನಗೆ ತಡವಾಗಿ ತಿಳಿಯಿತು. ಈ ಮೂರೂ ಅರ್ಥಗಳು ಒಬ್ಬನೇ ಮನುಷ್ಯನಲ್ಲಿ ಸೇರಬಹುದೆಂದು ತಿಳಿದದ್ದು ಗದ್ವಾಲದ ಬಸಣ್ಣನವರು ನನ್ನ ಬೀಗರಾದ ಮೇಲೆ.

ನಾವಿಬ್ಬರೂ ಸೀರೆಯ ನೂಲಿಗೆ ಬಣ್ಣ ಹಾಕುವವರು. ನನ್ನ ಅಳತೆಯೆಲ್ಲ ತಲೆಯಲ್ಲಿ. ಉಗುರಿನ ಕೆಂಪು ಮೂವತ್ತು ವರ್ಷಗಳಿಂದ ಇಳಿದಿಲ್ಲ. ಅವರು ಹತ್ತನೆಯದು ಮುಗಿಸಿ ಕಂಪ್ಯೂಟರ್ ಕಲಿತವರು. ಕಿಲೋ ನೂಲಿಗೆ ಇಷ್ಟು ಗ್ರಾಂ ಬಣ್ಣ ಎಂದು ಮೇಲಿನ ಒಂದು ಚೌಕದ ಮನೆಯಲ್ಲಿ ಬರೆದು, ಕೆಳಗಿನ ಸಾಲುಗಳಲ್ಲಿ ನೂಲಿನ ತೂಕ ತುಂಬಿದರೆ ಉತ್ತರ ತಾನೇ ಬೀಳುವಂಥ ಎಕ್ಸೆಲ್ ಹಾಳೆ ಮಾಡಿದ್ದರು. ನನ್ನ ಮಗಳು ಸುವರ್ಣಾ ಫೋನಿನಲ್ಲಿ ಅದನ್ನು ಹೊಗಳಿದ್ದೇ ಹೊಗಳಿದ್ದು. ಚಿಕ್ಕವಳಿದ್ದಾಗ ನನ್ನ ಹಂಡೆಯ ಪಕ್ಕ ನಿಂತು ಲೋಕದ ಬಣ್ಣಗಳೆಲ್ಲ ಅಪ್ಪನ ಕೈಯಿಂದಲೇ ಹುಟ್ಟುತ್ತವೆ ಎಂದು ನಂಬಿದ್ದ ಹುಡುಗಿ ಅವಳು. ನೀವೇ ಹೇಳಿ, ಹೊಟ್ಟೆ ಉರಿಯದೇ ಇರುತ್ತದೆಯೇ?

ಯಾರನ್ನೂ ಕೇಳದೆ ನನ್ನ ಫೋನಿನಲ್ಲಿ ಅಂಥದೇ ಹಾಳೆ ಮಾಡಲು ಕೂತೆ. ಮೊದಲ ಸಾಲು ಸರಿ ಬಂತು. ಅದನ್ನೇ ಕೆಳಗೆ ಎಳೆದರೆ ಬರೀ ಸೊನ್ನೆ. ಎಂಟು ದಿನ ಎಳೆದೆ, ಎಂಟು ದಿನವೂ ಸೊನ್ನೆ. ಮಗಳನ್ನು ನೋಡುವ ನೆಪದಲ್ಲಿ ಗದ್ವಾಲಕ್ಕೆ ಹೋದೆ. ಊಟಕ್ಕೆ ಕೂತಾಗ ಮಾತು ಅಲ್ಲಿಗೇ ಬಂತು.

“ಡಾಲರ್ ಹಚ್ಚೀರೇನ್ರಿ ಬೀಗರ?” ಎಂದರು ಬಸಣ್ಣ.

“ನಮ್ಮ ಸೀರಿ ಅಮೇರಿಕಾಕ್ಕ ಹೋಗಂಗಿಲ್ರಿ. ಡಾಲರ್ ಯಾಕ ಬೇಕು?” ಎಂದೆ, ಬಿಗುವಾಗಿ.

ಮನೆಯೇ ನಕ್ಕಿತು. ಸುವರ್ಣಾ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು. ಆ ನಗು ಇನ್ನೂ ಚುಚ್ಚುತ್ತದೆ.

ಆಮೇಲೆ ಅವರೇ ತಿಳಿಸಿದರು. ಸೂತ್ರವನ್ನು ಕೆಳಗೆ ಎಳೆದಂತೆ ಅದು ನೋಡುವ ಮನೆಯೂ ಒಂದೊಂದೇ ಕೆಳಗೆ ಸರಿಯುತ್ತದೆ. ನನ್ನದು ಖಾಲಿ ಮನೆಗಳನ್ನು ನೋಡಿ ಸೊನ್ನೆ ಹೇಳುತ್ತಿತ್ತು. ಸೂತ್ರದಲ್ಲಿ ಮೇಲಿನ ಮನೆಯ ಹೆಸರಿನ ಅಕ್ಷರಕ್ಕೂ ಅಂಕಿಗೂ ಮುಂದೆ ಒಂದೊಂದು ಡಾಲರ್ ಗುರುತು ಹಚ್ಚಿದರೆ, ಎಷ್ಟು ಕೆಳಗೆ ಎಳೆದರೂ ಅದು ಮೇಲಿನ ಆ ಒಂದೇ ಮನೆಯನ್ನು ನೋಡುತ್ತಿರುತ್ತದೆ. ಯಾರೂ ತಿದ್ದದಿರಲಿ ಎಂದು ಬೀಗರು ಆ ಮನೆಗೊಂದು ಕೀಲಿಯನ್ನೂ ಹಾಕಿದ್ದರು. ಕೇಳುತ್ತ ಕೇಳುತ್ತ ನನ್ನ ಕಾಯಿಲೆ ನನಗೇ ತಿಳಿಯಿತು: ಮನೆ ಬದಲಾದರೂ ಮಗಳ ಕಣ್ಣು ನನ್ನ ಮೇಲೆಯೇ ನೆಟ್ಟಿರಬೇಕೆಂದು ಬಯಸಿದ್ದೆ, ಡಾಲರ್ ಹಚ್ಚಿ ಕಳಿಸುವುದನ್ನು ಮಾತ್ರ ಮದುವೆಯ ಯಾವ ಶಾಸ್ತ್ರದಲ್ಲೂ ಕಾಣೆ.

ಸಂಜೆ ಬಸ್ ನಿಲ್ದಾಣದವರೆಗೆ ಸುವರ್ಣಾ ಬಂದಳು. ಬೀಗರು ತೋರಿಸಿದ ಹಾಳೆಯ ಮೇಲಿನ ಮನೆಯಲ್ಲಿ ನಲವತ್ತು ಎಂದಿದ್ದದ್ದು ನನ್ನ ಕಣ್ಣಿಗೆ ಬಿದ್ದಿತ್ತು. ಅದು ನನ್ನ ಅಳತೆ, ನಮ್ಮ ಬೋರಿನ ಗಡಸು ನೀರಿಗೆ ಹೊಂದಿದ್ದು.

“ನೀನ ಹೇಳೀಯೇನವ್ವಾ ಅವರಿಗೆ?”

“ಹ್ಞೂಂ ಅಪ್ಪಾ. ಇಲ್ಲಿ ನೀರಿಗೆ ಬಣ್ಣ ದಟ್ಟ ಬರ್ತೈತಿ, ಕಡಿಮಿ ಮಾಡ್ರಿ ಅಂದೆ. ಮಾವಾರು ಕೀಲಿ ತಗಿಯಂಗಿಲ್ಲ. ನಿಮ್ಮಪ್ಪನ ಅಂಕಿ ಐತಿ, ನಾ ಹೆಂಗ ಮುಟ್ಟಲಿ ಅಂತಾರ.”

ನೋಡಿ ಈ ಮನುಷ್ಯನನ್ನು! ನೆಮ್ಮದಿಯಿಂದ ಹೊಟ್ಟೆಕಿಚ್ಚು ಪಡಲೂ ಬಿಡುವುದಿಲ್ಲ. ಬಸ್ಸು ಬಂದು ನಿಂತಿತ್ತು. ಆದರೆ ನನ್ನ ಅಂಕಿಯಿಂದ ತಪ್ಪು ಬಣ್ಣ ಬರುವುದೇ? ಬಸ್ಸು ಬಿಟ್ಟು ಮಗಳೊಡನೆ ಹಿಂದಕ್ಕೆ ನಡೆದೆ. ಜಗಲಿಯಲ್ಲಿ ಕೂತಿದ್ದ ಬಸಣ್ಣನವರ ಮುಂದೆ ನಿಂತು, ಹುಟ್ಟಿದಾಗಿನಿಂದ ಯಾರನ್ನೂ ಏನನ್ನೂ ಕೇಳದ ನಾನು ಕೇಳಿದೆ.

“ಬೀಗರ, ಕೀಲಿ ತಗೀರಿ. ಇಲ್ಲಿ ನೀರಿಗೆ ಮೂವತ್ತಾರು ಮಾಡಬೇಕು.”

ಅವರು ಕೀಲಿ ತೆಗೆದು ಫೋನನ್ನು ನನ್ನ ಕೈಗಿಟ್ಟರು. “ನೀವ ಹಾಕ್ರಿ.”

ಕೆಂಪು ಉಗುರಿನ ಬೆರಳಿನಿಂದ ಒತ್ತಿದೆ. ಮೇಲೆ ಒಂದು ಅಂಕಿ ಬದಲಾದದ್ದೇ ತಡ, ಕೆಳಗಿನ ಸಾಲುಗಳೆಲ್ಲ ಒಮ್ಮೆಲೇ ಬದಲಾದವು. ಸುವರ್ಣಾ ನನ್ನ ಭುಜದ ಮೇಲಿಂದ ಬಗ್ಗಿ ನೋಡಿದಳು. ಅವಳ ಮುಖ ಅರಳಿತು.

“ಎಷ್ಟು ಶಾಣ್ಯಾ ಅದಾರಲ್ಲಪ್ಪಾ, ನಮ್ಮ ಮಾವಾರು!” ಎಂದಳು.