ಷಡ್ಡಕನ ಗೊರಗೊರ ರೇಡಿಯೋ

ರೇಡಿಯೋ ರಿಪೇರಿಯವನಿಗೆ ಮದುವೆಯಾಗಿ ಹತ್ತೊಂಬತ್ತು ವರ್ಷ. ಅಷ್ಟು ವರ್ಷದಲ್ಲಿ ಅವನು ಜೀವ ಕೊಟ್ಟ ಸತ್ತ ರೇಡಿಯೋಗಳಿಗೆ ಲೆಕ್ಕವಿಲ್ಲ. ಹೆಂಡತಿಯನ್ನು ಹೊಟ್ಟೆ ಹಿಡಿದುಕೊಳ್ಳುವಂತೆ ನಗಿಸಿದ್ದು ಮಾತ್ರ ಒಂದು ಸಲವೂ ಇಲ್ಲ. ಅದು ಅವನಿಗೆ ತಿಳಿದದ್ದೇ ಷಡ್ಡಕ ಬಂದು ನಡುಮನೆಯಲ್ಲಿ ಕುಣಿದ ದಿನ.

ಷಡ್ಡಕ ದರ್ಜಿ, ಕಡ್ಡಿಯಂಥ ಆಳು. ತನ್ನ ಹಳೇ ರೇಡಿಯೋ ಗೊರಗೊರ ಅಂದರೆ ಮೈಯೆಲ್ಲ ಕೆರೆದುಕೊಳ್ಳುತ್ತ ಕುಣಿಯುತ್ತಿದ್ದ. ಸ್ಟೇಷನ್ ಸಿಗದೆ ಕುಂಯ್ ಅಂದರೆ ಸೂಜಿ ಚುಚ್ಚಿಸಿಕೊಂಡವನಂತೆ ತುದಿಗಾಲಲ್ಲಿ ನಿಲ್ಲುತ್ತಿದ್ದ. ರಿಪೇರಿಯವನ ಹೆಂಡತಿ ನಕ್ಕು ನಕ್ಕು ಗೋಡೆಗೆ ಒರಗಿದಳು.

"ಇದಕ್ಕೆಲ್ಲ ನಗ್ತಾರಾ?"

"ನಗು ಬಂತು, ನಕ್ಕೆ. ನಿಮ್ಮನ್ನ ಕೇಳಿ ನಗ್ಬೇಕಾ?"

ಅವತ್ತಿನಿಂದ ಅವನಿಗೆ ಉಂಡ ಅನ್ನ ಮೈಗೆ ಹತ್ತಲಿಲ್ಲ.

ಮುಂದಿನ ವಾರ ಷಡ್ಡಕ ಅದೇ ರೇಡಿಯೋ ಹೊತ್ತು ಅಂಗಡಿಗೆ ಬಂದ. "ಭಾವ, ಭಾನುವಾರ ನಮ್ಮ ದರ್ಜಿಗಳ ಸಂಘದ ಸಭೇಲಿ ಕುಣೀಬೇಕು. ಪ್ಲಗ್ ಕಿತ್ತೋಗಿದೆ, ಅದಷ್ಟೇ ಹಾಕ್ಕೊಡಿ. ಬೇರೆ ಏನೂ ಮುಟ್ಬೇಡಿ."

ರಿಪೇರಿಯವನು ಎಲ್ಲವನ್ನೂ ಮುಟ್ಟಿದ. ಸ್ಟೇಷನ್ ಹಿಡಿಯುವ ತಿರುಪು ಬಿಚ್ಚಿ ತೊಳೆದ, ಬೆಸುಗೆ ಹಾಕಿದ, ಹಳೇ ವೈರು ಕಿತ್ತು ಹೊಸದು ಕೂರಿಸಿದ. ಜನ್ಮದಲ್ಲೇ ಅಷ್ಟು ಚೊಕ್ಕ ಕೆಲಸ ಮಾಡಿರಲಿಲ್ಲ.

ಭಾನುವಾರ ಸಭಾಂಗಣ ತುಂಬಿತ್ತು. ರಿಪೇರಿಯವನೂ ಹೆಂಡತಿಯೂ ಮುಂದಿನ ಸಾಲಿನಲ್ಲಿ ಕೂತಿದ್ದರು. ಷಡ್ಡಕ ಕೈ ಮೇಲೆತ್ತಿ ನಿಂತ. ರೇಡಿಯೋದಲ್ಲಿ ಯಾರೋ ಹೆಂಗಸು ಸ್ಫಟಿಕದಂಥ ದನಿಯಲ್ಲಿ ತರಕಾರಿ ಧಾರಣೆ ಓದಿದಳು. ಗೊರಗೊರ ಇಲ್ಲ, ಕುಂಯ್ ಇಲ್ಲ. ಎತ್ತಿದ ಕೈ ಎತ್ತಿದಂತೇ ಇತ್ತು. ಜನ ಕೆಮ್ಮತೊಡಗಿದರು.

"ಭಾವ, ಏನೋ ಕೆಟ್ಟಿದೆ. ಸ್ವಲ್ಪ ಬಂದು ನೋಡಿ."

ಹೆಂಡತಿ ಗಂಡನ ಮುಖವನ್ನೇ ನೋಡಿದಳು. ಅವಳಿಗೆ ಎಲ್ಲ ತಿಳಿಯಿತು. "ಹೋಗಿ. ಮೊದಲು ಹೇಗಿತ್ತೋ ಹಾಗೆ ಮಾಡ್ಕೊಡಿ."

ಅವನು ವೇದಿಕೆ ಹತ್ತಿ ತಿರುಪು ತಿರುಗಿಸಿದ. ಎಲ್ಲಿ ನಿಲ್ಲಿಸಿದರೂ ಒಳ್ಳೇ ದನಿ. ತನ್ನ ಕೆಲಸದ ಮೇಲೇ ಸಿಟ್ಟು ನೆತ್ತಿಗೇರಿ ರೇಡಿಯೋಗೆ ಫಟಾರನೆ ಒಂದು ಬಿಟ್ಟ. ಆ ಸದ್ದಿಗೆ ಷಡ್ಡಕ ಕೆನ್ನೆ ಹಿಡಿದು ಗಿರಕಿ ಹೊಡೆದ. ಸಭೆ ಹೋ ಎಂದಿತು. ಇನ್ನೊಂದು ಬಿಟ್ಟ, ಅವನು ಬೆನ್ನು ಹಿಡಿದು ನೆಗೆದ. ಮೂರನೆಯದಕ್ಕೆ ಕೈಮುಗಿದು ಮಂಡಿಯೂರಿದ. ಮುಂದಿನ ಸಾಲಿನಲ್ಲಿ ಹೆಂಡತಿ ಸೆರಗಲ್ಲಿ ಕಣ್ಣೊರೆಸಿಕೊಳ್ಳುತ್ತ ನಗುತ್ತಿದ್ದಳು.

ಮನೆಯ ದಾರಿಯಲ್ಲಿ ತಡೆಯಲಾರದೆ ಕೇಳಿದ. "ಯಾರನ್ನ ನೋಡಿ ನಕ್ಕೆ?"

"ಇಬ್ಬರನ್ನೂ."

ಅರ್ಧ ನಗು ಷಡ್ಡಕನ ಪಾಲಾಯಿತಲ್ಲ ಎಂದು ಅವನಿಗೆ ಮತ್ತೆ ಹೊಟ್ಟೆ ಉರಿಯಿತು. ನಾಲ್ಕು ಹೆಜ್ಜೆ ಮುಂದೆ ಮುಂದೆ ನಡೆದ.